ನಾಲ್ಕು ನೆಲ, ಒಂದೇ ನಡಿಗೆ

ಮರಳಿನ ಮೇಲೆ ಒಂದು ಹೆಜ್ಜೆ, ಹುಲ್ಲಿನ ಮೇಲೊಂದು, ಸಿಮೆಂಟಿನ ಮೇಲೊಂದು, ಆಮೇಲೆ ಮನೆಯ ಜಮಖಾನ. ಚಾಕು ಹಿಡಿದವಳು ಹೋಗುತ್ತಿರುವುದು ಕುರ್ಚಿಯಲ್ಲಿ ನಿದ್ದೆಹೋದ ತನ್ನ ಹತ್ತಿರಕ್ಕೇ. 1943ರ ‘ಮೆಷಸ್ ಆಫ್ ದಿ ಆಫ್ಟರ್‌ನೂನ್’ ಚಿತ್ರದ ಈ ಗಳಿಗೆಯಲ್ಲಿ ಜಾಗ ತುಂಡಾಗುತ್ತದೆ, ನಡಿಗೆ ತುಂಡಾಗುವುದಿಲ್ಲ. ನಿರ್ದೇಶಕಿ ಮಾಯಾ ಡೆರೆನ್ ಮುಂದೆ ಮಾಡಿದ್ದೆಲ್ಲ ಈ ಹೆಜ್ಜೆಗಳಿಂದಲೇ ಹೊರಟದ್ದು ಎನ್ನಿಸುತ್ತದೆ ನನಗೆ.

1917ರಲ್ಲಿ ಕೀವ್‌ನಲ್ಲಿ ಹುಟ್ಟಿ, ಚಿಕ್ಕಂದಿನಲ್ಲೇ ಅಪ್ಪ ಅಮ್ಮನೊಡನೆ ಅಮೆರಿಕ ಸೇರಿದಾಗ ಆಕೆಯ ಹೆಸರು ಎಲಿಯನೋರಾ. ಓದಿದ್ದು ಇಂಗ್ಲಿಷ್ ಸಾಹಿತ್ಯ, ಒಲವು ಕಾವ್ಯದ ಕಡೆ. ಕ್ಯಾಮೆರಾಗಿಂತ ಮೊದಲು ಸಿಕ್ಕಿದ್ದು ಕುಣಿತ: 1941ರಲ್ಲಿ ನರ್ತಕಿ ಕ್ಯಾಥರಿನ್ ಡನ್‌ಹ್ಯಾಮ್‌ಗೆ ಕಾರ್ಯದರ್ಶಿಯಾಗಿ, ಆಕೆಯ ನೃತ್ಯತಂಡದ ಜತೆ ಊರೂರು ತಿರುಗಿದಳು. ಲಾಸ್ ಏಂಜಲೀಸ್‌ನಲ್ಲಿ ಪರಿಚಯವಾದ ಚೆಕ್ ಛಾಯಾಗ್ರಾಹಕ ಅಲೆಕ್ಸಾಂಡರ್ ಹ್ಯಾಮಿಡ್‌ನನ್ನು ಮದುವೆಯಾದಳು. ಅಪ್ಪ ಬಿಟ್ಟುಹೋದ ಹಣದಲ್ಲಿ ಕೊಂಡ ಸೆಕೆಂಡ್ ಹ್ಯಾಂಡ್ ಬೋಲೆಕ್ಸ್ ಕ್ಯಾಮೆರಾ, 16 ಮಿ.ಮೀ. ಫಿಲ್ಮು, ತಮ್ಮದೇ ಮನೆ, ನಟರು ಗಂಡ ಹೆಂಡತಿ ಇಬ್ಬರೇ. ಹಾಲಿವುಡ್‌ನಲ್ಲೇ ಕೂತು ಹಾಲಿವುಡ್ಡಿಗೆ ಬೆನ್ನು ಹಾಕಿದ ಹದಿನಾಲ್ಕು ನಿಮಿಷದ ‘ಮೆಷಸ್’ ಹೀಗೆ ತಯಾರಾಯಿತು. ಮಾಯಾ ಎಂದು ಹೆಸರು ಬದಲಿಸಿಕೊಂಡದ್ದೂ 1943ರಲ್ಲೇ. ಅರ್ಥವನ್ನು ನಮಗೆ ಬಿಡಿಸಿ ಹೇಳಬೇಕಿಲ್ಲ.

ಮರುವರ್ಷದ ‘ಆಟ್ ಲ್ಯಾಂಡ್’ನಲ್ಲಿ ಅಲೆ ದಡಕ್ಕೆ ತಂದುಹಾಕಿದ ಹೆಣ್ಣೂ ಆಕೆಯೇ. ಒಣಮರದ ಕೊಂಬೆ ಹಿಡಿದು ಮೇಲೇರಿದರೆ ತಲೆ ಏಳುವುದು ಔತಣದ ಮೇಜಿನ ಅಂಚಿನಲ್ಲಿ; ಹರಟುತ್ತ ಕೂತವರ ನಡುವೆ ತೆವಳಿಕೊಂಡು ಹೋದರೂ ಯಾರೂ ತಿರುಗಿ ನೋಡುವುದಿಲ್ಲ. 1945ರ ‘ಎ ಸ್ಟಡಿ ಇನ್ ಕೊರಿಯಾಗ್ರಫಿ ಫಾರ್ ಕ್ಯಾಮೆರಾ’ದಲ್ಲಿ ಪರದೆಯನ್ನು ನರ್ತಕ ಟ್ಯಾಲಿ ಬೀಟಿಗೆ ಬಿಟ್ಟುಕೊಟ್ಟಳು. ಅವನು ಕಾಡಿನಲ್ಲಿ ಕಾಲೆತ್ತುತ್ತಾನೆ, ಊರುವುದು ಮನೆಯೊಳಗೆ. ಕೊನೆಯ ನೆಗೆತವನ್ನು ಹಲವು ತುಣುಕು ಜೋಡಿಸಿ ಎಷ್ಟು ಎಳೆದಿದ್ದಾಳೆಂದರೆ, ಆ ಮನುಷ್ಯನಿಗೆ ತೂಕವೇ ಇದ್ದಂತಿಲ್ಲ. ಕೆಲವೇ ನಿಮಿಷದ ಈ ಚಿತ್ರವೇ ನನ್ನ ಲೆಕ್ಕದಲ್ಲಿ ಆಕೆಯ ಅತ್ಯುತ್ತಮ ಕೆಲಸ. ಕೊನೆಗೆ ಮಾಡಿದ ‘ದಿ ವೆರಿ ಐ ಆಫ್ ನೈಟ್’ನಲ್ಲಿ ನಕ್ಷತ್ರಗಳ ನಡುವೆ ತೇಲುವ ನರ್ತಕರು ಚೆಂದವೇನೋ ಹೌದು, ಆದರೆ ಕಾಲಡಿಗೆ ನೆಲವೇ ಇಲ್ಲದ ಮೇಲೆ ನೆಲ ಬದಲಾಗುವ ಬೆರಗೆಲ್ಲಿ?

ತೆಗೆದ ಚಿತ್ರವನ್ನು ತೋರಿಸುವವರು ಬೇಕಲ್ಲ? 1946ರಲ್ಲಿ ನ್ಯೂಯಾರ್ಕಿನ ಪ್ರಾವಿನ್ಸ್‌ಟೌನ್ ಪ್ಲೇಹೌಸನ್ನು ಬಾಡಿಗೆಗೆ ಹಿಡಿದು ತಾನೇ ಪ್ರದರ್ಶನ ಇಟ್ಟಳು. ನೋಡಲು ಬಂದಿದ್ದ ಏಮಸ್ ವೋಗೆಲ್ ಮರುವರ್ಷ ‘ಸಿನೆಮಾ 16’ ಫಿಲ್ಮ್ ಸೊಸೈಟಿ ಕಟ್ಟಿದ. ರೀಲು ಹೊತ್ತು ಕಾಲೇಜುಗಳನ್ನು ಸುತ್ತಿದಳು, ಭಾಷಣ ಮಾಡಿದಳು, ಲೇಖನ ಬರೆದಳು. ಇಂಥ ಚಿತ್ರಕ್ಕೆ ಅಮೆರಿಕದಲ್ಲಿ ಪ್ರೇಕ್ಷಕರು ಹುಟ್ಟಿದ್ದರಲ್ಲಿ ಈ ಓಡಾಟಕ್ಕೂ ದೊಡ್ಡ ಪಾಲುಂಟು.

ಗುಗ್ಗನ್‌ಹೈಮ್ ಫೆಲೋಷಿಪ್ ಸಿಕ್ಕಿತು. 1947ರಲ್ಲಿ ವೋಡು ಎಂಬ ಧರ್ಮದ ಆಚರಣೆಯ ಕುಣಿತ ಚಿತ್ರಿಸಲು ಹೈಟಿಗೆ ಹೋದಳು. ಮುಂದಿನ ವರ್ಷಗಳಲ್ಲಿ ಮತ್ತೆ ಮತ್ತೆ ಹೋಗಿ ಸಾವಿರಾರು ಅಡಿ ಫಿಲ್ಮು ತೆಗೆದಳು. ಅಲ್ಲಿ ದೈವ ಮೈಮೇಲೆ ಬಂದವರನ್ನು ದೈವ ಏರಿದ ಕುದುರೆ ಎನ್ನುತ್ತಾರೆ. ಕಾಡಿನ ಕಾಲನ್ನು ಕೋಣೆಯಲ್ಲಿ ಊರಿಸಿದವಳಿಗೆ ಈ ಕುಣಿತವನ್ನು ಕತ್ತರಿಸಲು ಕೈ ಬರಲಿಲ್ಲ. ಆ ಆಚರಣೆಗೆ ಅದರದ್ದೇ ಕ್ರಮವಿತ್ತು. ಕಲಾವಿದೆಯಾಗಿ ತನ್ನ ಕೈಚಳಕ ಬಿಟ್ಟುಕೊಡಬೇಕಾಯಿತೆಂದು 1953ರ ‘ಡಿವೈನ್ ಹಾರ್ಸ್‌ಮೆನ್’ ಪುಸ್ತಕದ ಆರಂಭದಲ್ಲಿ ಆಕೆಯೇ ಒಪ್ಪಿಕೊಂಡಿದ್ದಾಳೆ. ಚಿತ್ರವಾಗಬೇಕಿದ್ದದ್ದು ಪುಸ್ತಕವಾಯಿತು.

1961ರಲ್ಲಿ, 44ನೇ ವಯಸ್ಸಿಗೆ, ಮೆದುಳಿನ ರಕ್ತಸ್ರಾವದಿಂದ ತೀರಿಕೊಂಡಳು. ಹೈಟಿಯ ರೀಲುಗಳು ಆಗಲೂ ಸಂಕಲನವಾಗದೆ ಉಳಿದಿದ್ದವು. ಎಷ್ಟೋ ವರ್ಷಗಳ ಮೇಲೆ ಅವುಗಳನ್ನು ಕತ್ತರಿಸಿ ಜೋಡಿಸಿದ್ದು ಮೂರನೆಯ ಗಂಡ ಟೀಜಿ ಇಟೊ ಮತ್ತು ಅವನ ನಂತರದ ಹೆಂಡತಿ ಷೆರೆಲ್.