ಒರೆ

ಕತ್ತಿಯ ಒರೆ ಎಲ್ಲರಿಗೂ ಗೊತ್ತು. ತಮಿಳಿನಲ್ಲಿ ಇದು ಉಱೈ, ಮಲಯಾಳದಲ್ಲಿ ಉಱ, ತೆಲುಗಿನಲ್ಲಿ ಒರ; ಅಚ್ಚ ದ್ರಾವಿಡ ಪದ. ಚಿನ್ನ ತಿಕ್ಕಿ ನೋಡುವ ಒರೆಗಲ್ಲಿನ ಒರೆ ಬೇರೆ. ಹಳಗನ್ನಡದ ಱಕಾರ ಬಳಕೆ ತಪ್ಪಿದ ಮೇಲೆ ಎರಡೂ ಒಂದೇ ರೂಪ ತಳೆದವು.

ಆಪ್ಟಿಕಲ್ ಫೈಬರ್ ಕೇಬಲ್ಲಿನ ಹೊರಪದರಕ್ಕೆ ಕೆಲಸಗಾರರು ಜಾಕೆಟ್ ಎನ್ನುತ್ತಾರೆ. ಬರಹದಲ್ಲಿ ‘ಕವಚ’ ಕಾಣುತ್ತದೆ. ನನಗೆ ಒರೆಯೇ ಸರಿ ಎನಿಸುತ್ತದೆ. ಕವಚ ಮೈಗೆ ತೊಡುವಂಥದ್ದು. ಒರೆಯೊಳಗಿನದನ್ನು ಬೇಕಾದಾಗ ಹೊರಗೆ ಹಿರಿಯಬೇಕು. ಕೇಬಲ್ ಜೋಡಿಸುವವರು ಮಾಡುವುದೂ ಅದನ್ನೇ: ಒರೆಯ ಸುತ್ತ ಹದವಾಗಿ ಕೊಯ್ದು, ಅದರಡಿಯ ರಿಪ್‌ಕಾರ್ಡ್ ದಾರ ಎಳೆದು ಉದ್ದಕ್ಕೆ ಸೀಳುತ್ತಾರೆ. ಬ್ಲೇಡು ಆಳಕ್ಕಿಳಿದರೆ 125 ಮೈಕ್ರಾನ್ ದಪ್ಪದ ಗಾಜಿನ ಎಳೆಗೇ ಅಪಾಯ.

ಒರೆಯ ವಸ್ತುವನ್ನು ಜಾಗ ನೋಡಿ ಆರಿಸಬೇಕು. ನೆಲದಡಿಗೆ, ಕಂಬಕ್ಕೆ ಪಾಲಿಥಿಲೀನ್. ಅದರಲ್ಲಿ ಬೆರೆಸಿದ ಇಂಗಾಲದ ಕಪ್ಪು ಬಿಸಿಲಿನ ಅತಿನೇರಳೆ ಕಿರಣ ತಡೆಯುತ್ತದೆ. ಆದರೆ ಬರಿಯ ಪಾಲಿಥಿಲೀನ್ ಸುಲಭವಾಗಿ ಉರಿಯುತ್ತದೆ. ಪಿವಿಸಿ ಬೆಂಕಿಗೆ ಅಷ್ಟು ಬೇಗ ಸೋಲದು, ಸುಟ್ಟರೆ ಮಾತ್ರ ಹೈಡ್ರೋಜನ್ ಕ್ಲೋರೈಡ್ ಅನಿಲ ಕಾರುತ್ತದೆ. ಆಸ್ಪತ್ರೆ, ಶಾಲೆಯಂಥ ಕಟ್ಟಡಗಳಿಗೆ ಕಡಿಮೆ ಹೊಗೆಯ, ಹ್ಯಾಲೊಜನ್ ಇಲ್ಲದ ಒರೆಯನ್ನೇ ಕೇಳಿ ಹಾಕಿಸಿ.