ನೆಲದಲ್ಲಿ ಹೂತಿಟ್ಟ ಚಿತ್ರಗಳು

ಗಾಜಿಪುರದಲ್ಲಿ ಮನೆ ಮಾಡಿಕೊಂಡಿರುವ ನನ್ನಂಥವನಿಗೆ ಕೋಟೆಯೆಂದರೆ ಕಲಬುರಗಿಯ ಬಹಮನಿಗಳ ಕೋಟೆಯೇ. ಆ ಕಂದಕ, ಆ ಬುರುಜು, ಆ ಉದ್ದನೆಯ ತೋಪು. ಈಗ ಹೇಳಹೊರಟಿರುವ ಕೋಟೆ ಬೇರೆ. ಪ್ರಾಗ್ ನಗರದ ಉತ್ತರಕ್ಕಿರುವ ಅದರ ಹೆಸರು ತೆರೆಜಿನ್. ಹದಿನೆಂಟನೆಯ ಶತಮಾನದಲ್ಲಿ ಚಕ್ರವರ್ತಿ ಎರಡನೆಯ ಜೋಸೆಫನು ಕಟ್ಟಿಸಿ ತಾಯಿಯ ಹೆಸರನ್ನಿಟ್ಟ ಆ ಕೋಟೆಯೂರನ್ನು ನಾಜಿಗಳು 1941ರ ನವೆಂಬರಿನಲ್ಲಿ ಯೆಹೂದ್ಯರ ಸೆರೆಯಾಗಿಸಿದರು.

ಮರುತಿಂಗಳೇ ಅಲ್ಲಿಗೆ ತಂದ ಕೈದಿಗಳಲ್ಲಿ ಬೆಡ್ರಿಖ್ ಫ್ರಿಟ್ಟಾ ಒಬ್ಬ. ಮೂವತ್ತೈದರ ಪ್ರಾಯ, ಪ್ರಾಗಿನಲ್ಲಿ ವ್ಯಂಗ್ಯಚಿತ್ರ ಬರೆದು ಹೆಸರಾದವನು. ಸೆರೆಯ ನಕಾಶೆ ಕಚೇರಿಗೆ ಅವನನ್ನೇ ಮುಖ್ಯಸ್ಥನನ್ನಾಗಿ ಮಾಡಿದರು. ಹಗಲೆಲ್ಲ ಒಡೆಯರಿಗಾಗಿ ನಕಾಶೆ, ಕೋಷ್ಟಕ, ವರದಿಯ ಅಲಂಕಾರ. ರಾತ್ರಿ ಅದೇ ಒಡೆಯರ ಕಾಗದ, ಅದೇ ಮಸಿ, ಆದರೆ ಚಿತ್ರ ಬೇರೆ. ಕಿಕ್ಕಿರಿದ ಅಟ್ಟಗಳಲ್ಲಿ ಸಾಯುತ್ತ ಬಿದ್ದ ಮುದುಕರು, ಪೂರ್ವಕ್ಕೆ ಸಾಗಿಸುವ ರೈಲಿಗೆ ಗಂಟುಮೂಟೆ ಹೊತ್ತು ನಿಂತ ಸಾಲು. ಲೇವ್ ಹಾಸ್, ಓಟೋ ಉಂಗರ್, ಫರ್ಡಿನಾಂಡ್ ಬ್ಲೋಖ್ ಎಂಬ ಸಂಗಡಿಗರೂ ಇಂಥವನ್ನೇ ಕದ್ದುಮುಚ್ಚಿ ಬರೆದರು.

1944ರ ಜೂನ್ 23ರಂದು ಅಂತರರಾಷ್ಟ್ರೀಯ ರೆಡ್‌ಕ್ರಾಸಿನವರು ಊರು ನೋಡಲು ಬಂದರು. ಅದಕ್ಕೆ ಮುಂಚೆ, ಜನಸಂದಣಿ ಕಾಣಬಾರದೆಂದು ಸುಮಾರು 7,500 ಮಂದಿಯನ್ನು ಆಶ್‌ವಿಟ್ಸಿಗೆ ಅಟ್ಟಿದ್ದರು! ಗೋಡೆಗಳಿಗೆ ಬಣ್ಣ, ಅಂಗಡಿಗಳಿಗೆ ಸಾಮಾನು, ಚೌಕದಲ್ಲಿ ವಾದ್ಯ. ಬಂದವರು ಮೆಚ್ಚಿ ಬರೆದುಕೊಟ್ಟರು. ಫ್ರಿಟ್ಟಾ ಈ ಸುಳ್ಳನ್ನೂ ಬಿಡಲಿಲ್ಲ. ಬಣ್ಣದ ಮುಂಗೋಡೆಗಳನ್ನು ನಾಟಕದ ಪರದೆಯಂತೆ ಬರೆದಿಟ್ಟ. ಅವನ ಚಿತ್ರಗಳಲ್ಲಿ ನನಗೆ ಮಿಗಿಲಾಗಿ ಕಾಣುವುದು ಇದೇ. ಕಣ್ಣೀರಿನ ಚಿತ್ರ ಮರುಕ ಹುಟ್ಟಿಸೀತು. ಇದು ಸಾಕ್ಷಿ ನುಡಿಯುತ್ತದೆ.

ಅಧಿಕಾರಿಗಳಿಗೂ ಇದು ತಿಳಿಯದೆ ಹೋಗಲಿಲ್ಲ. ಕೆಲವು ಚಿತ್ರಗಳು ಹೊರಕ್ಕೆ ದಾಟಿದ ಸುಳಿವು ಹತ್ತಿತು. ಜುಲೈ 17ರಂದು ಚಿತ್ರಕಾರರನ್ನು ಹಿಡಿದು ವಿಚಾರಿಸಿದಾಗ ಎದುರಿಗಿದ್ದವರಲ್ಲಿ ಐಖ್‌ಮನ್ನನೂ ಒಬ್ಬ. ಆರೋಪ: ಕ್ರೌರ್ಯದ ಅಪಪ್ರಚಾರ. ಹೆಂಡಿರು ಮಕ್ಕಳ ಸಹಿತ ಅವರನ್ನು ಸಮೀಪದ ಚಿಕ್ಕ ಕೋಟೆಗೆ ನೂಕಿದರು. ಫ್ರಿಟ್ಟಾನ ಮಗ ಟಾಮಿಗೆ ಆಗ ಮೂರು ವರ್ಷ. ಬ್ಲೋಖ್ ಅಲ್ಲೇ ಹತನಾದ. ಉಂಗರನ ಬಲಗೈಯನ್ನು ಜಜ್ಜಿದರು. ಬಿಡುಗಡೆಯಾದ ಮೇಲೆ 1945ರಲ್ಲಿ ಅವನೂ ತೀರಿಕೊಂಡ. ಫ್ರಿಟ್ಟಾ 1944ರ ನವೆಂಬರಿನಲ್ಲಿ ಆಶ್‌ವಿಟ್ಸಿನಲ್ಲಿ ಸತ್ತ. ಅವನ ಹೆಂಡತಿ ಚಿಕ್ಕ ಕೋಟೆಯಲ್ಲಿ.

ಯುದ್ಧ ಮುಗಿದ ಮೇಲೆ ಬದುಕುಳಿದ ಹಾಸ್ ತೆರೆಜಿನ್ನಿಗೆ ಮರಳಿದ. ತಾನು ಗೋಡೆಯೊಳಗೆ ಅಡಗಿಸಿದ್ದ ಚಿತ್ರಗಳೂ ಫ್ರಿಟ್ಟಾ ತಗಡಿನ ಪೆಟ್ಟಿಗೆಯಲ್ಲಿ ಹೂತಿಟ್ಟಿದ್ದ ಚಿತ್ರಗಳೂ ಹೊರಬಂದವು. ಟಾಮಿಯ ಮೂರನೆಯ ಹುಟ್ಟುಹಬ್ಬಕ್ಕೆಂದು ತಂದೆ ಬರೆದ ಬಣ್ಣದ ಪುಸ್ತಕವೂ ಉಳಿದುಬಂದಿತ್ತು. ಅದರಲ್ಲಿ ಹುಡುಗ ಪೆಟ್ಟಿಗೆಯೊಂದರ ಮೇಲೆ ನಿಂತು ಕಿಟಕಿಯಾಚೆ ನೋಡುತ್ತಾನೆ. ಆ ಹುಡುಗನನ್ನು ಹಾಸ್ ದಂಪತಿಗಳು ದತ್ತು ತೆಗೆದುಕೊಂಡು ಸಾಕಿದರು.