ಬಸ್ರೂರಿನ ಕೇರಿಗಳಲ್ಲಿ ನಮ್ಮ ಕಾಲ್ನಡಿಗೆ

ಶತಮಾನೋತ್ಸವದ ಕಾರ್ಯಕ್ರಮಗಳನ್ನು ಗೊತ್ತುಪಡಿಸಲು ನಮ್ಮ ಧರ್ಮಕೇಂದ್ರದ ಪಾಲನಾ ಸಮಿತಿಯು ಮೊದಲ ಬಾರಿ ಸೇರಿದಾಗ ಮಹಾದ್ವಾರ, ಸಭಾಭವನಕ್ಕೆ ಹೊಸ ಮಾಡು, ಸ್ಮರಣ ಸಂಚಿಕೆ ಮುಂತಾದ ಸಲಹೆಗಳು ಬಂದವು. ಎಲ್ಲವೂ ಯೋಗ್ಯವೇ. ಆದರೆ ಹಿರಿಯ ಗುರ್ಕಾರರೊಬ್ಬರು ಎದ್ದು, "ಫಾದರ್, ನೂರು ವರ್ಷದ ಹಬ್ಬ ಮಾಡುತ್ತೇವೆ. ಅದಕ್ಕೂ ಹಿಂದೆ ನಮ್ಮವರು ಎಲ್ಲಿದ್ದರು, ಏನು ಮಾಡುತ್ತಿದ್ದರು ಎಂದು ಮಕ್ಕಳು ಕೇಳಿದರೆ ಏನು ಹೇಳುವುದು?" ಎಂದರು. ಸಭೆಯಲ್ಲಿ ಯಾರೂ ಉತ್ತರ ಕೊಡಲಿಲ್ಲ. ನಮ್ಮಲ್ಲಿಯೂ ಸಿದ್ಧವಾದ ಉತ್ತರ ಇರಲಿಲ್ಲವೆಂದು ಒಪ್ಪಿಕೊಳ್ಳುವುದು ಉಚಿತ.

ಮಳೆಗಾಲ ಮುಗಿದ ಮೇಲೆ ಒಂದು ಶನಿವಾರ, ಬೆಳಗಿನ ಬಲಿಪೂಜೆಯ ನಂತರ ನಲವತ್ತಕ್ಕೂ ಹೆಚ್ಚು ಮಂದಿ ಕೂಡಿಕೊಂಡು ಬಸ್ರೂರಿನ ಕೇರಿಗಳನ್ನೂ ಕುಂದಾಪುರದ ಪೇಟೆಯನ್ನೂ ನಡೆದೇ ನೋಡಿಬಂದುದು ಆ ಪ್ರಶ್ನೆಯ ಫಲ. ಶನಿವಾರವನ್ನು ಆರಿಸಿಕೊಂಡುದು ಕುಂದಾಪುರದ ಸಂತೆಗಾಗಿ. ನಡೆದೇ ಹೋಗಬೇಕೇ, ವ್ಯಾನು ಮಾಡಿದರೆ ಸಾಲದೇ ಎಂದು ಕೆಲವರು ಕೇಳಿದರು. ಅವರಿಗೆ ನಾವು ಸಂತ ಫಿಲಿಪ್ ನೇರಿಯವರ ಉದಾಹರಣೆಯನ್ನು ಕೊಟ್ಟೆವು. 16ನೆಯ ಶತಮಾನದಲ್ಲಿ ರೋಮಾಪುರಿಯ ಜನರು ಕಾರ್ನಿವಲ್ ದಿನಗಳ ಅಮಲಿನಲ್ಲಿ ಮುಳುಗಿದ್ದಾಗ, ಈ ಸಂತರು ಯುವಕರನ್ನು ಕೂಡಿಸಿಕೊಂಡು ನಗರದ ಏಳು ಪುರಾತನ ದೇವಾಲಯಗಳಿಗೆ ಕಾಲ್ನಡಿಗೆಯಲ್ಲಿ ಹೊರಡುತ್ತಿದ್ದರು. ದಾರಿಯುದ್ದಕ್ಕೂ ಗಾಯನ, ನಡುವೆ ಒಂದು ತೋಟದಲ್ಲಿ ಬುತ್ತಿಯೂಟ. ಕೆಲವೇ ಮಂದಿಯಿಂದ ಆರಂಭವಾದ ಈ ಯಾತ್ರೆಯಲ್ಲಿ ಮುಂದೆ ಸಾವಿರಾರು ಜನ ನಡೆದರು. ಬಸ್ರೂರಿನ ಕಥೋಲಿಕ ದೇವಾಲಯವು ಇದೇ ಸಂತ ಫಿಲಿಪ್ ನೇರಿಯವರ ಹೆಸರಿನಲ್ಲಿರುವುದನ್ನು ಕೇಳಿದ ಮೇಲೆ ವ್ಯಾನಿನ ಮಾತು ನಿಂತಿತು. ಮೊಣಕಾಲು ನೋವಿನವರಿಗೆಂದು ಒಂದು ರಿಕ್ಷಾ ಮಾತ್ರ ಹಿಂದಿನಿಂದ ಬಂದಿತು. ಅದರಲ್ಲಿ ಕೊನೆಗೆ ಕುಳಿತವರು ನಾವೇ ಎಂಬುದನ್ನು ಇಲ್ಲಿ ದಾಖಲಿಸದಿದ್ದರೆ ಯುವಕರು ದಾಖಲಿಸುತ್ತಾರೆ.

ಹೆದ್ದಾರಿಯಲ್ಲಿ ಬಸ್ರೂರು ಮೂರುಕೈ ಎಂಬಲ್ಲಿಂದ ಪೂರ್ವಕ್ಕೆ ತಿರುಗಿದರೆ ಸುಮಾರು 6 ಕಿಲೋಮೀಟರ್ ದೂರದಲ್ಲಿ, ವಾರಾಹಿ ನದಿಯ ದಂಡೆಯ ಮೇಲೆ ಬಸ್ರೂರು ಇದೆ. ಇಂದು ಅಲ್ಲಿ ಇಳಿದವರಿಗೆ ಕಾಣುವುದು ಶಾಂತವಾದ ಒಂದು ಗ್ರಾಮ. ತೆಂಗು, ಹೆಂಚಿನ ಮನೆಗಳು, ಕೆಲವು ಅಂಗಡಿಗಳು, ದೇವಸ್ಥಾನಗಳು. ಅಂಗಡಿಯ ಜಗಲಿಯಲ್ಲಿ ಕುಳಿತಿದ್ದ ಹಿರಿಯರೊಬ್ಬರು ನಮ್ಮ ಗುಂಪನ್ನು ಕಂಡು, "ಇಲ್ಲ್ ಎಂತ ಇತ್ತ್ ಮಾರಾಯ್ರೆ ಕಾಂಬುಕೆ?" ಎಂದು ನಕ್ಕರು. ಪ್ರಶ್ನೆ ಸಹಜವೇ. ಆದರೆ ಅವರು ಕುಳಿತಿದ್ದ ಊರಿನ ಹೆಸರು ಒಂದು ಕಾಲಕ್ಕೆ ಅರಬ್ಬೀ ದೇಶಗಳಿಂದ ಲಿಸ್ಬನ್ನಿನವರೆಗೆ ನಾವಿಕರ ಬಾಯಲ್ಲಿತ್ತು. 1342ರ ಸುಮಾರಿಗೆ ಈ ತೀರದಲ್ಲಿ ಸಾಗಿದ ಮೊರಾಕೊ ದೇಶದ ಪ್ರವಾಸಿ ಇಬ್ನ್ ಬತೂತ ಇದನ್ನು 'ಅಬೂ ಸರೂರು' ಎಂದು ಕರೆದು, ದೊಡ್ಡ ಅಳಿವೆಯ ಮೇಲಿನ ಚಿಕ್ಕ ಊರು, ತೆಂಗು ಹೇರಳ ಎಂದು ಬರೆದಿದ್ದಾನೆ. ಅಲ್ಲಿಂದ ಮುಂದೆ ಅವನು ಕಂಡ 'ಫಾಕನೂರು' ಎಂಬ ದೊಡ್ಡ ಪಟ್ಟಣವೇ ನಮ್ಮ ಬ್ರಹ್ಮಾವರ ಸೀಮೆಯ ಬಾರಕೂರು. ಪೋರ್ತುಗೀಸರ ಬಾಯಿಯಲ್ಲಿ ಬಸ್ರೂರು 'ಬಾರ್ಸೆಲೋರ್' ಆಯಿತು, ಬಾರಕೂರು 'ಬಾಕನೋರ್' ಆಯಿತು.

ಇಷ್ಟೆಲ್ಲ ಜನರು ಇಲ್ಲಿಗೆ ಬಂದುದು ಯಾವುದಕ್ಕಾಗಿ? ನಮ್ಮ ಯುವಕರು ಮೆಣಸು ಎಂದರು. ಘಟ್ಟದ ಮೆಣಸೂ ಇಳಿದು ಬರುತ್ತಿದ್ದುದು ನಿಜ. ಆದರೆ ಬಸ್ರೂರಿನ ನಿಜವಾದ ಸಂಪತ್ತು ಅಕ್ಕಿ. 16ನೆಯ ಶತಮಾನದ ಆರಂಭದಲ್ಲಿ ಈ ತೀರವನ್ನು ವರ್ಣಿಸಿದ ಪೋರ್ತುಗೀಸ್ ಬರಹಗಾರ ದುವಾರ್ತೆ ಬಾರ್ಬೋಸಾ, ಈ ಎರಡು ಬಂದರುಗಳಿಂದ ಮಲಬಾರಿಗೂ ಹೊರ್ಮುಜ್, ಏಡನ್‌ಗಳಿಗೂ ಅಕ್ಕಿ ಹೋಗುತ್ತಿದ್ದುದನ್ನು ಹೇಳಿದ್ದಾನೆ. ಮಲಬಾರಿನಲ್ಲಿ ಮೆಣಸು ಬೆಳೆದವರಿಗೆ ಊಟಕ್ಕೆ ಅಕ್ಕಿ ಬೇಕಾಗಿತ್ತು. ಮರಳುಗಾಡಿನ ಬಂದರುಗಳಿಗೆ ಬೇಕಾಗಿತ್ತು. ಗೋವೆಯಲ್ಲಿ ನೆಲೆನಿಂತ ಪೋರ್ತುಗೀಸರಿಗೂ ಬೇಕಾಗಿತ್ತು. ನಮ್ಮ ಗದ್ದೆಗಳ ಅಕ್ಕಿ ಒಣಹುಲ್ಲಿನ ಮುಡಿಗಳಲ್ಲಿ ಕಟ್ಟಲ್ಪಟ್ಟು ದೋಣಿಗಳಲ್ಲಿ ಹೊಳೆಯಿಳಿದು, ಅಳಿವೆಯಲ್ಲಿ ದೊಡ್ಡ ಹಡಗುಗಳನ್ನು ಸೇರುತ್ತಿತ್ತು. ಒಂದು ಮುಡಿಗೆ 3 ಕಳಸಿಗೆ, ಅಂದರೆ 42 ಸೇರು, ಎಂಬುದು ದಕ್ಷಿಣ ಕನ್ನಡದ ರೂಢಿಯ ಲೆಕ್ಕ. ಮುಡಿಯನ್ನು ನಮ್ಮ ಗುಂಪಿನ ಮಕ್ಕಳಲ್ಲಿ ಒಬ್ಬರೂ ಕಂಡಿರಲಿಲ್ಲ. ಅದರ ವಿಚಾರ ಕೊನೆಗೆ ಹೇಳುತ್ತೇವೆ.

ಬಸ್ರೂರಿನ ಶಾಸನಗಳಲ್ಲಿ ಮೂಡುಕೇರಿ, ಪಡುವಕೇರಿ ಎಂಬ ಎರಡು ಕೇರಿಗಳ ಸೆಟ್ಟಿಕಾರರೂ ನಖರ, ಹಂಜಮಾನ ಎಂಬ ವರ್ತಕ ಸಂಘಗಳೂ ಮತ್ತೆ ಮತ್ತೆ ಬರುತ್ತವೆ. ನಖರವು ನಾಡಿನ ವರ್ತಕರ ಸಂಘ. ಹಂಜಮಾನವು ಕಡಲಾಚೆಯಿಂದ ಬಂದು ನೆಲೆಸಿದ ವ್ಯಾಪಾರಿಗಳ ಕೂಟ. ಆ ಹೆಸರೇ ಪಾರಸಿಯ 'ಅಂಜುಮನ್' ಎಂಬ ಮಾತಿನಿಂದ ಬಂದುದು. ಬೇರೆ ಬೇರೆ ದೇವರನ್ನು ನಂಬಿದವರು ಒಂದೇ ಬಂದರಿನಲ್ಲಿ ಒಂದೇ ಅಳತೆಯಿಂದ ಅಕ್ಕಿಯನ್ನು ಅಳೆದು, ಒಂದೇ ಶಾಸನದಲ್ಲಿ ಸಾಕ್ಷಿಗಳಾಗಿ ನಿಂತರೆಂಬುದು ನಮಗೆ ಅಲ್ಲಿ ನಿಂತಾಗ ಬಹಳ ದೊಡ್ಡ ವಿಷಯವೆಂದು ತೋರಿತು. ಮಹಾಲಿಂಗೇಶ್ವರ ದೇವಸ್ಥಾನವನ್ನು ಹೊರಗಿನಿಂದ ನೋಡಿ, ತುಳುವೇಶ್ವರನ ಸನ್ನಿಧಿಗೆ ಹೋದೆವು. ಆಲದ ಬೇರುಗಳು ಹಳೆಯ ಗುಡಿಯನ್ನು ತಬ್ಬಿಕೊಂಡಿರುವ ಆ ಜಾಗದಲ್ಲಿ ನಾವು ಹೇಳುವ ಮೊದಲೇ ನಮ್ಮ ಮಕ್ಕಳು ಚಪ್ಪಲಿ ಕಳಚಿದ್ದರು. ವಿಲಾಸಕೇರಿ ಎಂಬ ಹೆಸರನ್ನು ಕೇಳಿದವರೊಬ್ಬರು ಅದರ ಅರ್ಥವನ್ನು ನಮ್ಮಿಂದ ಬಯಸಿದರು. ಶ್ರೀಮಂತ ಬಂದರುಗಳಲ್ಲಿ ಅಂತಹ ಕೇರಿಯೂ ಇರುತ್ತದೆ ಎಂದಷ್ಟೇ ಹೇಳಿ ಮುಂದೆ ನಡೆದೆವು.

ಇಲ್ಲಿ ಶಾಸನದ ಕಲ್ಲುಗಳನ್ನು ನೋಡುತ್ತಿದ್ದಾಗ ನಮ್ಮ ಮನಸ್ಸಿಗೆ ಬಂದ ಒಂದು ಹಳೆಯ ತಪ್ಪನ್ನು ಈ ಪುಟಗಳಲ್ಲಿ ಹೇಳಿಬಿಡುವುದು ಲೇಸು. ಅನೇಕ ವರ್ಷಗಳ ಹಿಂದೆ ನಾವು ಸೇವೆಯಲ್ಲಿದ್ದ ಬೇರೊಂದು ಧರ್ಮಕೇಂದ್ರದಲ್ಲಿ ಪೂಜಾವಸ್ತ್ರಗಳ ಕೋಣೆಯನ್ನು ವಿಸ್ತರಿಸುವಾಗ ನೆಲದಡಿಯಲ್ಲಿ ಒಂದು ಸಮಾಧಿಕಲ್ಲು ಸಿಕ್ಕಿತು. ಅದರ ಮೇಲೆ ಶಿಲುಬೆ, ಕೆಳಗೆ ಸವೆದ ರೋಮನ್ ಅಕ್ಷರಗಳು. ಮಳೆ ಹತ್ತಿರ ಬಂದಿತ್ತು, ಕೆಲಸದವರು ಕಾಯುತ್ತಿದ್ದರು. "ಇದನ್ನು ಏನು ಮಾಡುವುದು?" ಎಂದು ಮೇಸ್ತ್ರಿ ಕೇಳಿದಾಗ, ಒಡೆದು ಅಡಿಪಾಯಕ್ಕೆ ಹಾಕಿರೆಂದು ಅಪ್ಪಣೆ ಕೊಟ್ಟವರು ನಾವು. ಸೆಮಿನರಿಯಲ್ಲಿ ಲ್ಯಾಟಿನ್ ಕಲಿತಿದ್ದೆವು. ಐದು ನಿಮಿಷ ಬಗ್ಗಿ ಕುಳಿತಿದ್ದರೆ ಆ ಹೆಸರನ್ನು ಓದಬಹುದಾಗಿತ್ತು. ಓದಲಿಲ್ಲ. ಮರಣ ದಿನದ ಪೂಜೆಯಲ್ಲಿ ಯಾರ ಹೆಸರನ್ನು ಹೇಳಿ ಪ್ರಾರ್ಥಿಸಬೇಕಿತ್ತೋ ಅವರ ಹೆಸರು ಈಗ ಒಂದು ಗೋಡೆಯ ಕೆಳಗಿದೆ.

ಇನ್ನು ನಮ್ಮವರ ಕಥೆ. 1569ರಲ್ಲಿ ಪೋರ್ತುಗೀಸ್ ವೈಸರಾಯ್ ಲೂಯಿಸ್ ದೆ ಅತಾಯಿದೆಯ ಪಡೆ ಬಸ್ರೂರಿನ ಕೋಟೆಯನ್ನು ಹಿಡಿಯಿತು. 1570ರಲ್ಲಿ ಕುಂದಾಪುರದಲ್ಲಿ ಪವಿತ್ರ ಜಪಮಾಲೆ ಮಾತೆಯ ದೇವಾಲಯವು ಸ್ಥಾಪಿತವಾಯಿತು. ಈ ಎರಡು ವರ್ಷಗಳು ಅಕ್ಕಪಕ್ಕದಲ್ಲಿರುವುದನ್ನು ನಾವು ಮುಚ್ಚಿಡಬೇಕಾಗಿಲ್ಲ. ಕೋಟೆ ಬಂದುದು ಅಕ್ಕಿಗಾಗಿ ಮತ್ತು ಕಡಲಿನ ಮೇಲಿನ ಹಿಡಿತಕ್ಕಾಗಿ. ಕರ್ತಾಜ್ ಎಂಬ ರಹದಾರಿ ಪತ್ರವಿಲ್ಲದೆ ಸಾಗಿದ ಹಡಗನ್ನು ಅವರು ಹಿಡಿಯುತ್ತಿದ್ದರು. ಅದರಿಂದ ಈ ಕೇರಿಗಳ ವರ್ತಕರಿಗೆ ನಷ್ಟವಾಯಿತು, ದ್ವೇಷವೂ ಬೆಳೆಯಿತು. ದೇವಾಲಯವು ಆ ಕೋಟೆಯ ನೆರಳಿನಲ್ಲಿ ಹುಟ್ಟಿತು. ಆದರೆ ಕೋಟೆ ಬಿದ್ದಾಗ ಅದರೊಂದಿಗೆ ಬೀಳಲಿಲ್ಲ ಎಂಬುದೇ ವಿಚಾರ ಮಾಡತಕ್ಕ ಸಂಗತಿ.

1623ರಲ್ಲಿ ರೋಮಿನವನೇ ಆದ ಪಿಯೆತ್ರೊ ದೆಲ್ಲ ವಾಲ್ಲೆ ಎಂಬ ಪ್ರವಾಸಿ ಇಕ್ಕೇರಿಯಿಂದ ಘಟ್ಟವಿಳಿದು ಕೊಲ್ಲೂರಿನ ಮಾರ್ಗವಾಗಿ ಇಲ್ಲಿಗೆ ಬಂದಾಗ ಎರಡು ಬಸ್ರೂರುಗಳನ್ನು ಕಂಡನು. ಮೇಲಿನದು ನಾಡಿನವರದು, ಇಕ್ಕೇರಿಯ ಅರಸನ ಅಧೀನ. ಕೆಳಗಿನದು ಪೋರ್ತುಗೀಸರ ಚಿಕ್ಕ ಕೋಟೆ. 1650ರ ದಶಕದ ಆರಂಭದಲ್ಲಿ ಕೆಳದಿಯ ಶಿವಪ್ಪನಾಯಕನು ಆ ಕೋಟೆಯನ್ನೂ ಗಂಗೊಳ್ಳಿ, ಹೊನ್ನಾವರಗಳನ್ನೂ ವಶಪಡಿಸಿಕೊಂಡನು. 1665ರ ಫೆಬ್ರವರಿಯಲ್ಲಿ ಶಿವಾಜಿ ಮಹಾರಾಜರು ಮಾಲವಣದಿಂದ 85 ಗಲ್ಬತುಗಳು ಹಾಗೂ 3 ದೊಡ್ಡ ಹಡಗುಗಳೊಡನೆ ಬಂದು ಬಸ್ರೂರಿನ ಮೇಲೆ ದಾಳಿ ಮಾಡಿ, ಹಿಂದಿರುಗುವಾಗ ಗೋಕರ್ಣದಲ್ಲಿ ಸ್ನಾನ ಮಾಡಿದರು. ನಮ್ಮ ಹುಡುಗರಿಗೆ ಆ ದಿನ ಅತ್ಯಂತ ಪ್ರಿಯವಾದುದು ಈ ಕಥೆಯೇ. ಹೊಳೆಯ ದಂಡೆಯಲ್ಲಿ ನಿಂತು ಹಡಗುಗಳು ಯಾವ ಕಡೆಯಿಂದ ಬಂದಿರಬಹುದೆಂದು ಅರ್ಧ ಗಂಟೆ ಚರ್ಚಿಸಿದರು.

ನಮಗೆ ಪ್ರಿಯವಾದ ವರ್ಷ 1681. ಬೆಣಾವಲಿಯಲ್ಲಿ 1651ರಲ್ಲಿ ಹುಟ್ಟಿದ ಯುವ ಗುರು ಜೋಸೆಫ್ ವಾಝ್ ಗೋವೆಯ ಮಹಾಧರ್ಮಪ್ರಾಂತದಿಂದ ಕನ್ನಡ ಜಿಲ್ಲೆಯ ಮಿಷನ್ನಿಗೆ ಬಂದು, 1684ರವರೆಗೆ ಕುಂದಾಪುರ, ಬಸ್ರೂರು, ಗಂಗೊಳ್ಳಿಯ ಕಡೆಯಲ್ಲಿಯೂ ಮಂಗಳೂರಿನ ಸೀಮೆಯಲ್ಲಿಯೂ ಸೇವೆ ಸಲ್ಲಿಸಿದರು. ಆಗ ಪೋರ್ತುಗಲ್ ಅರಸರ ಪಾದ್ರೊವಾದೊ ಹಕ್ಕಿನವರು ಒಂದು ಕಡೆ, ರೋಮಿನಿಂದ ನೇಮಕಗೊಂಡ ಬಿಷಪ್ ತೋಮಸ್ ದೆ ಕಾಸ್ತ್ರೊ ಇನ್ನೊಂದು ಕಡೆ. ಯಾರ ಅಧಿಕಾರ ಸಿಂಧು ಎಂಬ ವಿವಾದದಲ್ಲಿ ಕುರಿಮಂದೆ ಒಡೆದುಹೋಗಿತ್ತು. ಗುರು ವಾಝ್ ಕಲಹವನ್ನು ಬೆಳೆಸಲಿಲ್ಲ; ನಡೆದರು, ಪಾಪನಿವೇದನೆಗಳನ್ನು ಕೇಳಿದರು, ಗುಲಾಮರಾಗಿ ಮಾರಲ್ಪಟ್ಟಿದ್ದ ಕ್ರೈಸ್ತರನ್ನು ಬಿಡಿಸಿದರು. ಬಳಿಕ 1685ರಲ್ಲಿ ಗೋವೆಯಲ್ಲಿ ಸಂತ ಫಿಲಿಪ್ ನೇರಿಯವರ ಓರೆಟರಿ ಸಭೆಯನ್ನು ಸೇರಿ, 1687ರಲ್ಲಿ ವೇಷ ಮರೆಸಿಕೊಂಡು ಸಿಂಹಳಕ್ಕೆ ಹೋದರು. ಅಲ್ಲಿ ಕಥೋಲಿಕ ಆರಾಧನೆಯನ್ನು ನಿಷೇಧಿಸಿದ್ದವರು ಡಚ್ಚರು. ಅದೇ ಡಚ್ಚರು ಅದೇ ಕಾಲದಲ್ಲಿ ಬಸ್ರೂರಿನಲ್ಲಿ ಕೋಠಿಯಿಟ್ಟುಕೊಂಡು ಅಕ್ಕಿ ಕೊಳ್ಳುತ್ತಿದ್ದರು. 1711ರಲ್ಲಿ ಕ್ಯಾಂಡಿಯಲ್ಲಿ ದೈವಾಧೀನರಾದ ಈ ಗುರುಗಳನ್ನು 1995ರಲ್ಲಿ ಧನ್ಯರೆಂದೂ 2015ರ ಜನವರಿ 14ರಂದು ಸಂತರೆಂದೂ ಕೊಲಂಬೊದಲ್ಲಿಯೇ ಸಾರಲಾಯಿತು. ನಮ್ಮ ದಾರಿಗಳಲ್ಲಿ ನಡೆದವರೊಬ್ಬರು ವಿಶ್ವಸಭೆಯ ಪೀಠದ ಮೇಲಿದ್ದಾರೆ.

ಆದರೆ ಗುರುಗಳಿಗೆ ಮಂದೆ ಇದ್ದುದು ಹೇಗೆ? ಗೋವೆಯಿಂದ ಬಂದ ನಮ್ಮ ಪೂರ್ವಿಕರಲ್ಲಿ ಕೆಲವರು ವಿಚಾರಣಾಪೀಠದ ಭಯದಿಂದ, ಕೆಲವರು ಬರ ಮತ್ತು ರೋಗಗಳಿಂದ, ಕೆಲವರು ಮರಾಠರ ದಾಳಿಗಳಿಂದ ಊರು ಬಿಟ್ಟವರು. ಕೆಳದಿಯ ಅರಸರು ಅವರಿಗೆ ಜಾಗ ಕೊಟ್ಟರು. ಕಾರಣ, ಅವರು ಗದ್ದೆ ಮಾಡಬಲ್ಲವರು. ಪರಕೀಯರ ಕೋಟೆಯನ್ನು ಕೆಡವಿದ ಅರಸೊತ್ತಿಗೆಯೇ ಅದೇ ವಿಶ್ವಾಸದ ರೈತನನ್ನು ಉಳಿಸಿಕೊಂಡಿತು. 1784ರಲ್ಲಿ, ತಪಸ್ಸುಕಾಲದ ಆರಂಭದಲ್ಲಿ, ಟಿಪ್ಪು ಸುಲ್ತಾನನ ಆಜ್ಞೆಯಿಂದ ಕನ್ನಡ ಜಿಲ್ಲೆಯ ಕ್ರೈಸ್ತರು ಶ್ರೀರಂಗಪಟ್ಟಣಕ್ಕೆ ಸೆರೆಹೋದರು. 1799ರ ನಂತರ ಬದುಕುಳಿದವರು ತಿರುಗಿ ಬಂದುದೂ ಇದೇ ಗದ್ದೆಗಳಿಗೆ. ಹೆಚ್ಚಿನವರು ಗೇಣಿದಾರರು, ಗೇಣಿ ತೀರುತ್ತಿದ್ದುದು ಅಕ್ಕಿಮುಡಿಗಳ ಲೆಕ್ಕದಲ್ಲಿ. 1974ರ ಭೂಸುಧಾರಣಾ ತಿದ್ದುಪಡಿಯಿಂದ ಅನೇಕ ಕುಟುಂಬಗಳಿಗೆ ಉತ್ತ ಭೂಮಿ ತಮ್ಮದಾಯಿತು. ಸೆಪ್ಟೆಂಬರ್ 8ರಂದು ಮಾತೆಯ ಜನನೋತ್ಸವಕ್ಕೆ ತೆನೆಗಳನ್ನು ಆಶೀರ್ವದಿಸಿ ಹೊಸ ಅಕ್ಕಿ ಊಟ ಮಾಡುವ ನಮ್ಮ ಹಬ್ಬಕ್ಕೂ ಬಸ್ರೂರಿನ ಮೂಡುಕೇರಿಗೂ ಸಂಬಂಧವೇನು ಎಂದು ಕೇಳಿದ ಬಾಲಕಿಗೆ ಇದೇ ಉತ್ತರ ಹೇಳಿದೆವು.

ಮಧ್ಯಾಹ್ನದ ಬುತ್ತಿಯ ಬಳಿಕ ಕುಂದಾಪುರಕ್ಕೆ ಬಂದು ಸಂತೆಯನ್ನು ಸುತ್ತಿದೆವು. ಒಣಮೀನು, ಮಣ್ಣಿನ ಮಡಕೆ, ವೀಳ್ಯದೆಲೆ, ಗುಡ್ಡೆಯಾಗಿ ಸುರಿದ ತರಕಾರಿ. ಅಕ್ಕಿ ಇತ್ತು, ಆದರೆ ಪ್ಲಾಸ್ಟಿಕ್ ಚೀಲಗಳಲ್ಲಿ. "ಇದು ಎಲ್ಲಿಯ ಅಕ್ಕಿ?" ಎಂದು ನಮ್ಮ ಗುರ್ಕಾರರು ವಿಚಾರಿಸಿದರು. ಘಟ್ಟದ ಮೇಲಿನದು ಎಂಬ ಉತ್ತರ ಬಂದಿತು. ಅವರು ಬಹಳ ಹೊತ್ತು ಮಾತನಾಡಲಿಲ್ಲ. ಸಂಜೆ ಜಪಮಾಲೆ ಮಾತೆಯ ದೇವಾಲಯದಲ್ಲಿ ಜಪಸರ ಹೇಳಿ ಮನೆಗೆ ತಿರುಗಿದೆವು.

ಈ ನಡಿಗೆಯ ನಂತರ ನಾವು ಪೀಠದಿಂದ ಒಂದು ವಿನಂತಿ ಮಾಡಿದ್ದೇವೆ; ಇಲ್ಲಿಯೂ ಮಾಡುತ್ತೇವೆ. ಅಟ್ಟದಲ್ಲಿರುವ ಗೇಣಿಚೀಟಿ, ಹಳೆಯ ಜ್ಞಾನಸ್ನಾನ ಪತ್ರ, ಅಕ್ಷರವಿರುವ ಕಲ್ಲು, ಯಾವುದನ್ನೂ ಎಸೆಯುವ ಮುನ್ನ ದಯವಿಟ್ಟು ಗುರುನಿವಾಸಕ್ಕೆ ತನ್ನಿರಿ. ನಾವು ಈ ಸಲ ಬಗ್ಗಿ ಕುಳಿತು ಓದುತ್ತೇವೆ. ಮುಂದಿನ ನಡಿಗೆ ಬಾರಕೂರಿನ ಕೇರಿಗಳಿಗೆ. ಹೆಸರು ಕೊಟ್ಟವರ ಪಟ್ಟಿ ಈಗಾಗಲೇ ಮೊದಲಿನದಕ್ಕಿಂತ ಉದ್ದವಾಗಿದೆ.

ಮುಡಿಯ ವಿಚಾರ ಬಾಕಿ ಇದೆ. ಸಂತೆಯಿಂದ ಬಂದ ಮರುವಾರ ಗುರ್ಕಾರರು ಎರಡು ಹೊರೆ ಒಣಹುಲ್ಲು ಹೊರಿಸಿಕೊಂಡು ಬಂದು, ತಮ್ಮ ತಂದೆಯವರಿಂದ ಕಲಿತಂತೆ ಮೂವರು ಹುಡುಗರಿಗೆ ಮುಡಿ ಕಟ್ಟಲು ಕಲಿಸಿದರು. ಮೊದಲನೆಯದು ಎತ್ತುವಾಗಲೇ ಬಿಚ್ಚಿಕೊಂಡು ದೇವಾಲಯದ ಮುಂದಿನ ಜಗಲಿಯ ತುಂಬ ಅಕ್ಕಿ ಚೆಲ್ಲಿತು, ಗುಬ್ಬಿಗಳಿಗೆ ಹಬ್ಬವಾಯಿತು. ಎರಡನೆಯದು ನಿಂತಿತು. ಆದಿತ್ಯವಾರ ಕಾಣಿಕೆಯ ಮೆರವಣಿಗೆಯಲ್ಲಿ ರೊಟ್ಟಿ ಮತ್ತು ದ್ರಾಕ್ಷಾರಸದ ಹಿಂದೆ ಅದನ್ನು ಇಬ್ಬರು ಹುಡುಗರು ಹೆಗಲಿನ ಮೇಲೆ ಹೊತ್ತುತಂದು ಬಲಿಪೀಠದ ಮೆಟ್ಟಿಲ ಬಳಿ ಇಟ್ಟರು.